ರಿಪೋರ್ಟ್ ನಾರ್ಮಲ್, ಅವ್ವನಿಗೆ ಮಾತ್ರ ನೋವು: ಯಾರ ಮಾತು ಕೇಳಲಿ?

ಪ್ರಶ್ನೆ: ನಮ್ಮದು ಕುಷ್ಟಗಿ ತಾಲ್ಲೂಕಿನ ಒಂದು ಹಳ್ಳಿ. ನಾನು ಬಳ್ಳಾರಿಯಲ್ಲಿ ಸಮಾಜಶಾಸ್ತ್ರ ಎಂ.ಎ. ಓದುತ್ತಿದ್ದೇನೆ. ಅವ್ವನಿಗೆ 44 ವರ್ಷ. ಹಂಗಾಮಿನಲ್ಲಿ ಟಂಟಂ ಹತ್ತಿ ಕಾರಟಗಿ ಕಡೆ ಭತ್ತದ ನಾಟಿಗೆ ಹೋಗುತ್ತಾಳೆ. ಎರಡು ವರ್ಷದಿಂದ ಸೊಂಟ, ಮೊಣಕಾಲು, ಕುತ್ತಿಗೆ ನೋವು. ಸುಸ್ತು, ಕೈಕಾಲು ಉರಿ, ರಾತ್ರಿ ನಿದ್ದೆ ಇಲ್ಲ. ಬಿಳಿ ಹೋಗುತ್ತದೆ ಅಂತಲೂ ಹೇಳುತ್ತಾಳೆ. ತಾಲ್ಲೂಕು ಆಸ್ಪತ್ರೆಗೆ ತೋರಿಸಿದೆವು, ಆಮೇಲೆ ಎರಡು ಖಾಸಗಿ ಆಸ್ಪತ್ರೆ. ರಕ್ತ, ಮೂತ್ರ, ಹೊಟ್ಟೆ ಸ್ಕ್ಯಾನಿಂಗ್ ಎಲ್ಲ ನಾರ್ಮಲ್. ಒಬ್ಬ ಡಾಕ್ಟರು 'ಏನೂ ಇಲ್ಲ, ಮನಸ್ಸಿಗೆ ಹಚ್ಚಿಕೊಂಡಿದ್ದಾರೆ' ಅಂದರು. ಇನ್ನೊಂದು ಕಡೆ ಗರ್ಭಚೀಲ ತೆಗೆಸಿಬಿಡಿ ಅಂದರು. ಊರಿನ ಆರ್‌ಎಂಪಿ ಸೂಜಿ ಮಾಡಿ ಸಲೈನ್ ಹಚ್ಚಿದರೆ ಎರಡು ದಿನ ಆರಾಮ. ಅಜ್ಜಿ ಗಾಳಿ ಸೋಕಿದೆ, ಹುಲಿಗಿಯ ಹುಲಿಗೆಮ್ಮನ ಗುಡಿಗೆ ಹೋಗೋಣ ಅಂತಾಳೆ. ಇದರ ನಡುವೆ ಸೋದರಮಾವ ಮೊಬೈಲ್‌ನಲ್ಲಿ ವಿಡಿಯೊ ನೋಡಿ, ಶುಗರ್, ಬಿಪಿ ಎಲ್ಲ ಔಷಧಿ ಕಂಪನಿಗಳು ಹುಟ್ಟಿಸಿದ ರೋಗ ಅಂತ ಮಾತ್ರೆ ಬಿಟ್ಟಿದ್ದಾನೆ. ನಮ್ಮ ತರಗತಿಯಲ್ಲಿ 'ರೋಗ ಅನ್ನುವುದು ಸಮಾಜ ಕಟ್ಟಿದ್ದು, ವೈದ್ಯಕೀಯವೂ ಒಂದು ಅಧಿಕಾರ' ಅಂತ ಪಾಠ ಆಯಿತು. ಅದನ್ನು ಕೇಳಿದ ಮೇಲೆ ಮಾವ ಹೇಳುವುದೇ ಸರಿ ಅನ್ನಿಸಿತು. ಹಾಗಾದರೆ ಅವ್ವನ ನೋವೂ ಕಟ್ಟಿದ್ದೇ? ಮಂಗಳವಾರ ಬಂದರೆ ಸಂಘದ ಸಾಲದ ಕಂತು ಕಟ್ಟಬೇಕು, ಮತ್ತೆ ಟೆಸ್ಟ್ ಮಾಡಿಸಲು ದುಡ್ಡಿಲ್ಲ. ಯಾರ ಮಾತು ಕೇಳಲಿ?

ಉತ್ತರ: ನಿಮ್ಮ ಪತ್ರದಲ್ಲಿ ಮೂರು ಪ್ರಶ್ನೆಗಳು ಒಂದಕ್ಕೊಂದು ತೊಡರಿಕೊಂಡಿವೆ. ಅವ್ವನ ನೋವು ನಿಜವೋ ಅಲ್ಲವೋ? ಮಾವ ಮಾತ್ರೆ ಬಿಟ್ಟದ್ದು ಸರಿಯೋ ತಪ್ಪೋ? ತರಗತಿಯ ಪಾಠಕ್ಕೂ ಮನೆಯ ಈ ಕಷ್ಟಕ್ಕೂ ಏನು ಸಂಬಂಧ? ಮೊದಲನೆಯದಕ್ಕೆ ಈಗಲೇ ಹೇಳಿಬಿಡುತ್ತೇನೆ: ನಿಮ್ಮ ಅವ್ವನ ನೋವು ನಿಜ. ಎರಡನೆಯದಕ್ಕೂ ಕಾಯಿಸುವುದಿಲ್ಲ. ಮಾವನ ಅನುಮಾನದಲ್ಲಿ ಸ್ವಲ್ಪ ಹುರುಳಿದೆ, ಆದರೆ ಮಾತ್ರೆ ಬಿಟ್ಟದ್ದು ಅಪಾಯ. ಈ ವಾರವೇ ಮಾವನನ್ನು ಆಸ್ಪತ್ರೆಗೆ ಕರೆದುಕೊಂಡು ಹೋಗಿ.

ನಾನು ಸಮುದಾಯ ಆರೋಗ್ಯದ ವೈದ್ಯ. ಕೊಪ್ಪಳ, ರಾಯಚೂರು, ಬಳ್ಳಾರಿ ಜಿಲ್ಲೆಗಳ ಹಳ್ಳಿಗಳಲ್ಲಿ ಕೆಲಸ ಮಾಡುತ್ತಲೇ ಸಮಾಜಶಾಸ್ತ್ರವನ್ನೂ ಓದಿಕೊಂಡವನು. ನಿಮ್ಮ ಅವ್ವನಂಥ ಹೆಂಗಸರು ನನ್ನ ಹತ್ತಿರ ಬಹಳ ಬರುತ್ತಾರೆ. ಪ್ಲಾಸ್ಟಿಕ್ ಚೀಲದಲ್ಲಿ ಹಳೇ ಚೀಟಿ, ಸ್ಕ್ಯಾನಿಂಗ್ ಫಿಲ್ಮು, ತಿಂದು ಮುಗಿಸಿದ ಮಾತ್ರೆಯ ಖಾಲಿ ಪಟ್ಟಿ, ಎಲ್ಲ ಜೋಪಾನವಾಗಿ ತಂದಿರುತ್ತಾರೆ. 'ಎಲ್ಲಿ ನೋವಮ್ಮಾ?' ಅಂದರೆ ಕೈಯನ್ನು ತಲೆಯಿಂದ ಪಾದದವರೆಗೆ ಇಳಿಸಿ 'ಮೈಯೆಲ್ಲಾ ನೋವ್ರಿ' ಅನ್ನುತ್ತಾರೆ. ಹೊರಗೆ ಉದ್ದ ಸಾಲು ನಿಂತಿರುತ್ತದೆ. ಡಾಕ್ಟರಿಗೆ ಇರುವುದು ಎರಡು ಮೂರು ನಿಮಿಷ. ಒಂದು ನೋವಿನ ಮಾತ್ರೆ, ಒಂದು ಶಕ್ತಿಯ ಮಾತ್ರೆ ಬರೆದು ಮುಂದಿನವರನ್ನು ಕರೆಯುತ್ತಾರೆ. ಆ ಡಾಕ್ಟರು ಕೆಟ್ಟವರಲ್ಲ. ಆದರೆ ಆ ಎರಡು ನಿಮಿಷದಲ್ಲಿ ಬಹಳ ಸಂಗತಿ ಬಿಟ್ಟುಹೋಗುತ್ತದೆ.

'ನಾರ್ಮಲ್' ಅಂದರೆ ಏನು ಅಂತ ಮೊದಲು ನೋಡೋಣ. ಯಾವ ಟೆಸ್ಟ್ ಮಾಡಿಸಿದ್ದೇವೋ ಅದಕ್ಕಷ್ಟೇ ರಿಪೋರ್ಟ್ ಉತ್ತರ ಕೊಡುತ್ತದೆ. ನೀವು ಮಾಡಿಸಿದ್ದು ಸಾಮಾನ್ಯ ರಕ್ತ ಪರೀಕ್ಷೆ, ಮೂತ್ರ ಮತ್ತು ಹೊಟ್ಟೆಯ ಸ್ಕ್ಯಾನಿಂಗ್. ಹೊಟ್ಟೆಯ ಸ್ಕ್ಯಾನಿಂಗ್‌ನಲ್ಲಿ ಮೊಣಕಾಲು ಕಾಣುವುದಿಲ್ಲ. ಸಾಮಾನ್ಯ ರಕ್ತ ಪರೀಕ್ಷೆಯಲ್ಲಿ ಬಿ12 ಕೊರತೆ, ಥೈರಾಯ್ಡ್, ವಿಟಮಿನ್ ಡಿ ಪತ್ತೆಯಾಗುವುದಿಲ್ಲ. ನಿದ್ದೆ ಬಾರದ ರಾತ್ರಿಗಳಂತೂ ಯಾವ ಕಾಗದದಲ್ಲೂ ಅಚ್ಚಾಗುವುದಿಲ್ಲ. ಹಾಗಾಗಿ 'ಟೆಸ್ಟ್ ಮಾಡಿದಷ್ಟರಲ್ಲಿ ತೊಂದರೆ ಕಾಣಲಿಲ್ಲ' ಅನ್ನಬಹುದು. 'ಏನೂ ಇಲ್ಲ' ಅನ್ನಲು ಬರುವುದಿಲ್ಲ.

ಕುಷ್ಟಗಿ ತಾಲ್ಲೂಕು ಅಂದ ಕೂಡಲೇ ನನಗೆ ನೆನಪಾಗುವುದು ನೀರು. ಕೊಪ್ಪಳ, ರಾಯಚೂರು, ಬಳ್ಳಾರಿ ಮೂರೂ ಕಡೆ ಬೋರ್‌ವೆಲ್ ನೀರಿನಲ್ಲಿ ಫ್ಲೋರೈಡ್ ಜಾಸ್ತಿ ಇರುವ ಹಳ್ಳಿಗಳಿವೆ. ಕುಡಿಯುವ ನೀರಿನಲ್ಲಿ ಒಂದು ಲೀಟರಿಗೆ 1 ಮಿಲಿಗ್ರಾಂ ಇರಬಹುದು, ಬೇರೆ ನೀರೇ ಸಿಗದಿದ್ದರೆ 1.5ರವರೆಗೆ. ಅದು ನಮ್ಮ ದೇಶದ ಮಾನದಂಡ. ಅದಕ್ಕಿಂತ ಹೆಚ್ಚಿನ ನೀರನ್ನು ವರ್ಷಗಟ್ಟಲೆ ಕುಡಿದರೆ ಫ್ಲೋರೈಡ್ ಮೂಳೆಯಲ್ಲಿ ಕೂರುತ್ತದೆ. ಮೊದಲು ಸೊಂಟ, ಕುತ್ತಿಗೆ, ಮೊಣಕಾಲು ಹಿಡಿದುಕೊಳ್ಳುತ್ತವೆ. ಸಾಮಾನ್ಯ ರಕ್ತ ಪರೀಕ್ಷೆಯಲ್ಲಿ ಇದರ ಸುಳಿವೇ ಸಿಗುವುದಿಲ್ಲ. ವಾಯು, ಸಂಧಿವಾತ ಅಂದುಕೊಂಡು ಜನ ವರ್ಷಗಟ್ಟಲೆ ನೋವಿನ ಮಾತ್ರೆ ನುಂಗುತ್ತಾರೆ.

ಮನೆಯಲ್ಲೇ ಮೂರು ಪರೀಕ್ಷೆ ಮಾಡಿ ನೋಡಿ. ಮೊಣಕಾಲು ಮಡಿಸದೆ ಬಗ್ಗಿ ಕಾಲಿನ ಹೆಬ್ಬೆರಳು ಮುಟ್ಟಲು ಅವ್ವನಿಗೆ ಆಗುತ್ತದಾ? ಗದ್ದವನ್ನು ಎದೆಗೆ ತಾಗಿಸಲು ಆಗುತ್ತದಾ? ಎರಡೂ ಕೈ ಅಗಲಿಸಿ, ಮಡಿಸಿ, ತಲೆಯ ಹಿಂಭಾಗ ಮುಟ್ಟಲು ಆಗುತ್ತದಾ? ಕಷ್ಟವಾದರೆ ಅದೇ ಫ್ಲೋರೋಸಿಸ್, ಅಂದರೆ ಫ್ಲೋರೈಡ್‌ನಿಂದ ಬರುವ ಕಾಯಿಲೆ, ಅಂತ ತೀರ್ಮಾನಿಸಬೇಡಿ. ನಾಟಿ ಹಚ್ಚಿ ಹಚ್ಚಿ ಸವೆದ ಸೊಂಟಕ್ಕೂ ಇದು ಕಷ್ಟವೇ. ಆದರೆ ಡಾಕ್ಟರಿಗೆ ಹೇಳಲು ಒಂದು ಗಟ್ಟಿ ಸಂಗತಿ ಸಿಗುತ್ತದೆ. ಮುಂಗೈ ಎಕ್ಸ್‌ರೇ ಕೇಳಿ. ಎರಡು ಮೂಳೆಗಳ ನಡುವಿನ ಪೊರೆ ಗಟ್ಟಿಯಾಗಿದ್ದರೆ ಅದರಲ್ಲಿ ಕಾಣುತ್ತದೆ.

ಹಲ್ಲನ್ನೂ ನೋಡಿ, ಅವ್ವನದಲ್ಲ, ನಿಮ್ಮದು. ಹಲ್ಲಿನ ಕಂದು ಕಲೆ ಬರುವುದು ಹಲ್ಲು ಬೆಳೆಯುವ ವಯಸ್ಸಿನಲ್ಲಿ ಅಂಥ ನೀರು ಕುಡಿದರೆ. ಅವ್ವ ಬೇರೆ ಊರಿನಿಂದ ಮದುವೆಯಾಗಿ ಬಂದವರಾದರೆ ಅವರ ಹಲ್ಲು ಬೆಳ್ಳಗಿದ್ದೂ ಮೂಳೆಗೆ ಪೆಟ್ಟು ಬಿದ್ದಿರಬಹುದು. ನೀವು, ನಿಮ್ಮ ಓಣಿಯ ಮಕ್ಕಳು ಅದೇ ನೀರು ಕುಡಿದು ಬೆಳೆದವರು. ಹಲವರ ಹಲ್ಲಿನಲ್ಲಿ ಕಲೆ ಇದ್ದರೆ ನೀರಿನ ಬಗ್ಗೆ ಅನುಮಾನ ಪಡಲೇಬೇಕು.

ನಿಮ್ಮ ಸಮಾಜಶಾಸ್ತ್ರ ಇಲ್ಲೇ ಶುರುವಾಗುತ್ತದೆ. ಲೀಟರಿಗೆ 3 ಮಿಲಿಗ್ರಾಂ ಫ್ಲೋರೈಡ್ ಇರುವ ನೀರು ಅಂದುಕೊಳ್ಳಿ. ಫ್ಯಾನಿನ ಕೆಳಗೆ ಕೂತು ಎರಡು ಲೀಟರ್ ಕುಡಿಯುವವರ ಮೈಗೆ 6 ಮಿಲಿಗ್ರಾಂ ಹೋಗುತ್ತದೆ. ಬಿಸಿಲಲ್ಲಿ ದುಡಿದು ಐದು ಲೀಟರ್ ಕುಡಿಯುವವರಿಗೆ 15 ಮಿಲಿಗ್ರಾಂ. ಅವರ ಊಟದಲ್ಲಿ ಹಾಲು ಮೊಸರು ಕಡಿಮೆ ಇದ್ದರೆ, ಅಂದರೆ ಸುಣ್ಣದ ಅಂಶ ಸಾಲದಿದ್ದರೆ, ಪೆಟ್ಟು ಇನ್ನೂ ಜಾಸ್ತಿ. ಕ್ಯಾನ್ ನೀರು ಕೊಳ್ಳುವ ಮನೆಗೆ ಈ ಚಿಂತೆ ಕಡಿಮೆ. ಊರು ಒಂದೇ, ಬೋರ್‌ವೆಲ್ ಒಂದೇ, ಆದರೆ ಯಾರ ಮೂಳೆ ಹಾಳಾಗಬೇಕು ಅನ್ನುವುದನ್ನು ಕೂಲಿ, ಊಟ, ದುಡ್ಡು ತೀರ್ಮಾನಿಸುತ್ತವೆ. 1848ರಲ್ಲಿ ರುಡಾಲ್ಫ್ ವಿರ್ಕೊ ಅನ್ನುವ ಜರ್ಮನ್ ವೈದ್ಯ ಅಪ್ಪರ್ ಸೈಲೀಸಿಯಾದ ಟೈಫಸ್ ಜ್ವರದ ಬಗ್ಗೆ ವರದಿ ಬರೆದ. ಔಷಧಿಯ ಪಟ್ಟಿ ಕೊಡುವ ಬದಲು ಬಡತನ, ಶಿಕ್ಷಣ, ಜನರ ಹಕ್ಕಿನ ಮಾತಾಡಿದ. 'ಸಮಾಜ ಕಟ್ಟಿದ್ದು' ಅನ್ನುವ ಮಾತಿಗೆ ಇರುವ ಒಂದು ಅರ್ಥ ಇದು. ರೋಗ ಸುಳ್ಳು ಅಂತ ಇದು ಹೇಳುವುದಿಲ್ಲ. ರೋಗ ಯಾರ ಮನೆ ಬಾಗಿಲಿಗೆ ಹೆಚ್ಚು ಬರುತ್ತದೆ, ಯಾಕೆ ಬರುತ್ತದೆ ಅಂತ ಕೇಳುತ್ತದೆ.

ಇನ್ನೊಂದು ಅರ್ಥವೂ ಇದೆ. ಬಹುಶಃ ನಿಮ್ಮನ್ನು ಗೊಂದಲಕ್ಕೆ ಹಾಕಿದ್ದು ಅದು. ಯಾವುದನ್ನು ರೋಗ ಅಂತ ಕರೆಯಬೇಕು ಅನ್ನುವುದನ್ನು ಮನುಷ್ಯರೇ ತೀರ್ಮಾನಿಸುತ್ತಾರೆ, ಮತ್ತು ಆ ತೀರ್ಮಾನದಲ್ಲಿ ಅಧಿಕಾರ ಕೆಲಸ ಮಾಡುತ್ತದೆ. ಇದು ಪೂರ್ತಿ ನಿಜ. 1851ರಲ್ಲಿ ಅಮೆರಿಕದ ಸ್ಯಾಮ್ಯುಯೆಲ್ ಕಾರ್ಟ್‌ರೈಟ್ ಅನ್ನುವ ವೈದ್ಯ, ಗುಲಾಮರು ಯಜಮಾನನಿಂದ ಓಡಿಹೋಗುವುದೇ ಒಂದು ಕಾಯಿಲೆ ಅಂತ ಹೆಸರಿಟ್ಟ. ಸಲಿಂಗ ಪ್ರೀತಿಯನ್ನು ಅಮೆರಿಕದ ಮನೋವೈದ್ಯರ ಸಂಘ ರೋಗದ ಪಟ್ಟಿಯಿಂದ ತೆಗೆದದ್ದು 1973ರಲ್ಲಿ. ಆ ಜನ ಯಾವತ್ತೂ ರೋಗಿಗಳಾಗಿರಲಿಲ್ಲ. ಹೆಸರಿಟ್ಟವರ ತಪ್ಪಿಗೆ ಇನ್ನೊಬ್ಬರು ನರಳಿದರು. ವೈದ್ಯಕೀಯವನ್ನು ಪ್ರಶ್ನೆ ಮಾಡಬೇಕು ಅಂತ ನಿಮ್ಮ ಮೇಷ್ಟ್ರು ಹೇಳಿದ್ದರೆ, ವೈದ್ಯನಾಗಿ ನಾನೂ ಅವರ ಜೊತೆಗಿದ್ದೇನೆ.

ಈಗ ಮಾವನ ವಿಷಯ. ಶುಗರ್‌ನ ಅಂಕಿಯನ್ನು ಇಳಿಸಿದ್ದು ನಿಜವಾ ಅಂದರೆ, ನಿಜ. ಖಾಲಿ ಹೊಟ್ಟೆಯ ಶುಗರ್ 140 ದಾಟಿದರೆ ಸಕ್ಕರೆ ಕಾಯಿಲೆ ಅನ್ನುತ್ತಿದ್ದರು. 1997ರಲ್ಲಿ ಅಮೆರಿಕದ ಡಯಾಬಿಟಿಸ್ ಸಂಘ ಅದನ್ನು 126ಕ್ಕೆ ಇಳಿಸಿತು. ಒಂದು ಕಾಗದ ಬದಲಾಗಿದ್ದಕ್ಕೆ ರಾತ್ರೋರಾತ್ರಿ ಬಹಳ ಜನ ರೋಗಿಗಳಾದರು. 2003ರಲ್ಲಿ ಅದೇ ಸಂಘ 'ಶುಗರ್ ಬರುವ ಹಂತ'ದ ಗೆರೆಯನ್ನು 110ರಿಂದ 100ಕ್ಕೆ ತಂದಿತು. ವಿಶ್ವ ಆರೋಗ್ಯ ಸಂಸ್ಥೆ ಒಪ್ಪದೆ 110ರಲ್ಲೇ ನಿಂತಿತು. ಅಂದರೆ 105 ಇರುವವರು ಒಬ್ಬರ ಲೆಕ್ಕದಲ್ಲಿ ರೋಗದ ಹೊಸ್ತಿಲಲ್ಲಿದ್ದಾರೆ, ಇನ್ನೊಬ್ಬರ ಲೆಕ್ಕದಲ್ಲಿ ಆರಾಮಾಗಿದ್ದಾರೆ. ಬಿಪಿಯದ್ದೂ ಹೀಗೇ. 2017ರಲ್ಲಿ ಅಮೆರಿಕದ ತಜ್ಞರು 130/80 ಅಂದರು, ನಮ್ಮಲ್ಲಿ ಈಗಲೂ 140/90 ನೋಡುತ್ತೇವೆ. ಗೆರೆ ಇಳಿದಾಗ ಮಾತ್ರೆ ಮಾರುವವರಿಗೆ ಲಾಭ ಆಗುತ್ತದೆ. ಹಾಗಾಗಿ ಗೆರೆ ಎಳೆಯುವವರನ್ನು ಅನುಮಾನದಿಂದ ನೋಡುವುದು ತಪ್ಪಲ್ಲ.

ಆದರೆ ಮಾವ ಇಲ್ಲಿಗೇ ನಿಲ್ಲಿಸಿಬಿಟ್ಟರು. ತುಂಗಭದ್ರೆಗೆ ನೀರು ಬಂದಾಗ ಅಪಾಯದ ಮಟ್ಟ ಇಷ್ಟು ಅಂತ ಗೆರೆ ಎಳೆಯುವುದು ಅಧಿಕಾರಿಗಳು, ಆ ಗೆರೆ ಒಂದಡಿ ಮೇಲೆ ಕೆಳಗೆ ಆಗಬಹುದು, ಆದರೆ ಹೊಲಕ್ಕೆ ನುಗ್ಗುವ ನೀರು ಯಾರ ಗೆರೆಯನ್ನೂ ಕೇಳಿ ಬರುವುದಿಲ್ಲ. 126 ಅಂತ ಆರಿಸಿದ್ದಕ್ಕೂ ಕಾರಣವಿತ್ತು. ಸುಮಾರು ಆ ಮಟ್ಟದಿಂದ ಕಣ್ಣಿನ ಹಿಂಪರದೆಯ ಸಣ್ಣ ರಕ್ತನಾಳಗಳು ಹಾಳಾಗುವುದು ಜಾಸ್ತಿಯಾಗುತ್ತದೆ. ಮಾವನ ಶುಗರ್ 105 ಇದ್ದರೆ ಮಾತ್ರೆ ಬೇಕಾ ಅಂತ ಡಾಕ್ಟರ ಜೊತೆ ವಾದ ಮಾಡಬಹುದು. 250 ಇದ್ದರೆ ವಾದಕ್ಕೆ ಜಾಗವಿಲ್ಲ, ಕಣ್ಣು, ಮೂತ್ರಪಿಂಡ, ಪಾದ ಸದ್ದಿಲ್ಲದೆ ಹಾಳಾಗುತ್ತವೆ. ಕೆಲವು ಬಿಪಿ ಮಾತ್ರೆ ಥಟ್ಟನೆ ಬಿಟ್ಟರೆ ಬಿಪಿ ಮೊದಲಿಗಿಂತಲೂ ಮೇಲಕ್ಕೆ ಏರುತ್ತದೆ. ಅವರಿಗೆ ಬೈದು ಉಪಯೋಗವಿಲ್ಲ. 'ಮಾವ, ನಿನ್ನ ಮಾತು ಪರೀಕ್ಷೆ ಮಾಡೋಣ, ಮೂರು ತಿಂಗಳ ಸರಾಸರಿ ಶುಗರ್ ನೋಡೋಣ' ಅನ್ನಿ. ಎಚ್‌ಬಿಎ1ಸಿ ಅಂತಾರೆ ಅದಕ್ಕೆ. ಅದರ ಜೊತೆ ಬಿಪಿ, ಕ್ರಿಯೇಟಿನಿನ್ (ಮೂತ್ರಪಿಂಡದ ರಕ್ತ ಪರೀಕ್ಷೆ), ಕಣ್ಣಿನ ಪರದೆ, ಪಾದ ನೋಡಿಸಿ. ಅಂಕಿ ಚೆನ್ನಾಗಿದ್ದರೆ ಮಾತ್ರೆ ಕಡಿಮೆ ಮಾಡಲು ಡಾಕ್ಟರೇ ಒಪ್ಪಬಹುದು.

ಅನುಮಾನಕ್ಕೆ ಬೆಲೆ ತೆತ್ತ ದೇಶದ ಉದಾಹರಣೆ ಕೊಡುತ್ತೇನೆ. 2000ದ ಆಸುಪಾಸಿನಲ್ಲಿ ದಕ್ಷಿಣ ಆಫ್ರಿಕಾದ ಸರ್ಕಾರವೇ ಏಡ್ಸ್‌ಗೆ ಎಚ್‌ಐವಿ ಕಾರಣವಾ ಅಂತ ಅನುಮಾನಪಟ್ಟಿತು, ಔಷಧಿ ಕೊಡುವುದನ್ನು ತಡಮಾಡಿತು. ಅಲ್ಲಿ ಬಡತನ, ವರ್ಣಭೇದದ ಗಾಯ, ಪಾಶ್ಚಾತ್ಯ ಕಂಪನಿಗಳ ದುರಾಸೆ ಎಲ್ಲವೂ ನಿಜವೇ ಆಗಿತ್ತು. ಆದರೂ ಆ ತಡದಿಂದ 3 ಲಕ್ಷ 30 ಸಾವಿರಕ್ಕೂ ಹೆಚ್ಚು ಜನ ಸತ್ತರು ಅಂತ 2008ರಲ್ಲಿ ಹಾರ್ವರ್ಡ್‌ನ ಸಂಶೋಧಕರು ಅಂದಾಜು ಮಾಡಿದರು. ನಮ್ಮ ಭಾಗದಲ್ಲೂ ಎಚ್‌ಐವಿ ಬಂದವರನ್ನು ಮನೆಯಿಂದ ದೂರ ಇಟ್ಟದ್ದನ್ನು ನೋಡಿದ್ದೇವೆ. ಆ ಕಳಂಕ ಪೂರ್ತಿ ಸಮಾಜ ಕಟ್ಟಿದ್ದು. 2004ರಿಂದ ನಮ್ಮ ದೇಶದಲ್ಲಿ ಸರ್ಕಾರ ಉಚಿತವಾಗಿ ಕೊಡುತ್ತಿರುವ ಎಆರ್‌ಟಿ (ಎಚ್‌ಐವಿಯನ್ನು ಹತ್ತಿಕ್ಕುವ) ಮಾತ್ರೆಯಿಂದ ಬದುಕಿ, ಮಕ್ಕಳ ಮದುವೆ ಮಾಡಿದವರನ್ನೂ ನೋಡಿದ್ದೇವೆ. ಕಳಂಕವನ್ನು ಬಿಡಿಸಬೇಕು, ಮಾತ್ರೆಯನ್ನು ಬಿಡಿಸಬಾರದು, ಅಲ್ವಾ?

ಆಧುನಿಕೋತ್ತರ ಚಿಂತನೆ ಅಂತ ನೀವು ಓದುತ್ತಿರುವುದನ್ನೂ ಈ ಬೆಳಕಿನಲ್ಲಿ ನೋಡಿ. ಒಂದೇ ದೊಡ್ಡ ಕಥೆ ಎಲ್ಲವನ್ನೂ ವಿವರಿಸುತ್ತದೆ ಅನ್ನುವ ನಂಬಿಕೆ ಹೋಗಿದೆ ಅಂತ ಫ್ರಾನ್ಸಿನ ಚಿಂತಕ ಲ್ಯೋಟಾರ್ 1979ರಲ್ಲಿ ಬರೆದ. ಆಸ್ಪತ್ರೆಗೆ ಇದನ್ನು ತಂದರೆ ಏನಾಗುತ್ತದೆ? ಡಾಕ್ಟರ ವಿವರಣೆ ಒಂದೇ ಸತ್ಯ ಅಲ್ಲ, ನೋವು ತಿನ್ನುವವರ ವಿವರಣೆಗೂ ಜಾಗ ಬೇಕು ಅಂತಾಗುತ್ತದೆ. ನೆದರ್ಲೆಂಡ್ಸ್‌ನ ಸಂಶೋಧಕಿ ಆನ್‌ಮರಿ ಮಾಲ್ ಒಂದು ಆಸ್ಪತ್ರೆಯಲ್ಲಿ ಕೂತು ಕಾಲಿನ ರಕ್ತನಾಳದ ಕಾಯಿಲೆಯನ್ನು ಅಧ್ಯಯನ ಮಾಡಿ 2002ರಲ್ಲಿ ಪ್ರಕಟಿಸಿದರು. ಹೊರರೋಗಿ ಕೋಣೆಯಲ್ಲಿ ಆ ಕಾಯಿಲೆ ಅಂದರೆ ಸ್ವಲ್ಪ ನಡೆದರೆ ಬರುವ ಮೀನಖಂಡದ ನೋವು. ಮೈಕ್ರೋಸ್ಕೋಪಿನ ಕೆಳಗೆ ಅದೇ ಕಾಯಿಲೆ ಅಂದರೆ ದಪ್ಪವಾದ ನಾಳದ ಗೋಡೆ. ಕೆಲವೊಮ್ಮೆ ಗೋಡೆ ದಪ್ಪ ಇರುತ್ತದೆ, ಮನುಷ್ಯ ನೋವಿಲ್ಲದೆ ನಡೆಯುತ್ತಿರುತ್ತಾನೆ. ಎರಡೂ ನಿಜ. ಎರಡನ್ನೂ ಜೋಡಿಸಿ ನೋಡುವುದೇ ಒಳ್ಳೆಯ ವೈದ್ಯರ ಕೆಲಸ. ಯಾರು ಏನು ಹೇಳಿದರೂ ಸರಿ, ವಿಡಿಯೊದವರೂ ಸರಿ ಅನ್ನುವುದು ಈ ಚಿಂತನೆಯ ತಿರುಳಲ್ಲ. ಹಾಗೆ ಓದಿಕೊಂಡು ಬರುವ ವಿದ್ಯಾರ್ಥಿಗಳು ಬಹಳ ಜನ ಇದ್ದಾರೆ, ನನಗೆ ಅದರ ಬಗ್ಗೆ ನಿಜವಾಗಲೂ ಆತಂಕವಿದೆ.

ಫ್ರಾನ್ಸಿನ ಇನ್ನೊಬ್ಬ ಚಿಂತಕ ಮಿಶೆಲ್ ಫುಕೊ 1963ರಲ್ಲಿ ಒಂದು ಸೂಕ್ಷ್ಮ ಗುರುತಿಸಿದ. ಹದಿನೆಂಟನೇ ಶತಮಾನದ ವೈದ್ಯ ರೋಗಿಯನ್ನು 'ನಿಮಗೆ ಏನಾಗಿದೆ?' ಅಂತ ಕೇಳುತ್ತಿದ್ದ. ಆಮೇಲಿನ ವೈದ್ಯ 'ಎಲ್ಲಿ ನೋವು?' ಅಂತ ಕೇಳಲು ಶುರು ಮಾಡಿದ. ಅಲ್ಲಿಂದ ವೈದ್ಯನ ಕಣ್ಣು ಮನುಷ್ಯನನ್ನು ಬಿಟ್ಟು ಅಂಗದ ಮೇಲೆ ನೆಟ್ಟಿತು. ಇದರಿಂದ ಲಾಭವೂ ಆಯಿತು, ಕ್ಷಯ, ಕ್ಯಾನ್ಸರ್ ಎಲ್ಲಿದೆ ಅಂತ ಗೊತ್ತಾಗುವುದು ಅದರಿಂದಲೇ. ನಷ್ಟ ಆದದ್ದು ನಿಮ್ಮ ಅವ್ವನಂಥವರಿಗೆ. ಅವರ ನೋವು ಒಂದು ಅಂಗದಲ್ಲಿ ಇಲ್ಲ.

ನನಗೆ ಬಹಳ ಕಾಡುವುದು ಟಂಟಂನ ವಿಷಯ. 1951ರಲ್ಲಿ ಅಮೆರಿಕದ ಸಮಾಜಶಾಸ್ತ್ರಜ್ಞ ಟಾಲ್ಕಟ್ ಪಾರ್ಸನ್ಸ್ ಬರೆದದ್ದು ನಿಮಗೆ ಪಾಠ ಆಗಿರುತ್ತದೆ. ಕಾಯಿಲೆ ಬಿದ್ದವರಿಗೆ ಸಮಾಜ ಎರಡು ಹಕ್ಕು ಕೊಡುತ್ತದೆ: ದಿನದ ಕೆಲಸದಿಂದ ಬಿಡುವು, ಮತ್ತು 'ಇದು ನಿನ್ನ ತಪ್ಪಲ್ಲ' ಅನ್ನುವ ಮಾತು. ಅದಕ್ಕೆ ಬದಲಾಗಿ ಎರಡು ಕರ್ತವ್ಯ: ಗುಣವಾಗಬೇಕು ಅಂತ ಬಯಸುವುದು, ತಿಳಿದವರ ಹತ್ತಿರ ಹೋಗಿ ಅವರು ಹೇಳಿದಂತೆ ನಡೆಯುವುದು. ನಿಮ್ಮ ಅವ್ವ ಎರಡೂ ಕರ್ತವ್ಯ ಮಾಡಿದ್ದಾರೆ. ಮೂರು ಆಸ್ಪತ್ರೆ ಹತ್ತಿ ಇಳಿದಿದ್ದಾರೆ. ಹಕ್ಕು ಎರಡೂ ಸಿಕ್ಕಿಲ್ಲ. ನಾಟಿ ಕೆಲಸ ಗುಂಪಿನಲ್ಲಿ ಎಕರೆ ಲೆಕ್ಕದ ಗುತ್ತಿಗೆ. ಒಬ್ಬಳು ಹಿಂದೆ ಬಿದ್ದರೆ ಉಳಿದವರ ಕೂಲಿಗೆ ಹೊಡೆತ. ನಾಲ್ಕು ದಿನ ಬಿಟ್ಟರೆ ಟಂಟಂನಲ್ಲಿ ಅವರ ಜಾಗಕ್ಕೆ ಬೇರೆಯವರು ಬಂದು ಕೂರುತ್ತಾರೆ. ಸರ್ಕಾರಿ ನೌಕರರಿಗೆ ಡಾಕ್ಟರ ಚೀಟಿ ರಜೆ ಕೊಡಿಸುತ್ತದೆ. ಕೂಲಿಯವರಿಗೆ ಯಾವ ಚೀಟಿಯೂ ರಜೆ ಕೊಡಿಸುವುದಿಲ್ಲ. ಅದರ ಮೇಲೆ 'ಏನೂ ಇಲ್ಲ' ಅನ್ನುವ ರಿಪೋರ್ಟ್ ಬಂದರೆ, ಮನೆಯಲ್ಲಿ ಒಂದು ಗಂಟೆ ಮಲಗುವ ಹಕ್ಕೂ ಹೋಗುತ್ತದೆ. 'ಎಲ್ಲ ಸರಿ ಐತಂತಲ್ಲ, ಏಳು' ಅನ್ನುತ್ತಾರೆ. ಹುಷಾರಿಲ್ಲ ಅಂತ ಒಪ್ಪಿಸಲು ಅವರು ಪದೇ ಪದೇ ಸೂಜಿ ಮಾಡಿಸಿಕೊಳ್ಳುವುದು, ಸಲೈನ್ ಹಚ್ಚಿಸಿಕೊಳ್ಳುವುದು ಯಾಕೆ ಅಂತ ಈಗ ತಿಳಿಯುತ್ತದೆ. ಸಲೈನ್ ಬಾಟಲಿ ತೂಗುತ್ತಿರುವಷ್ಟು ಹೊತ್ತು ಅವರನ್ನು ಯಾರೂ ಏಳು ಅನ್ನುವುದಿಲ್ಲ.

ಆದರೆ ಆ ಬಾಟಲಿಯಲ್ಲಿ ಏನಿದೆ ಅಂತ ತಿಳಿದಿರಲಿ. ಅರ್ಧ ಲೀಟರಿನ 5 ಪರ್ಸೆಂಟ್ ಗ್ಲೂಕೋಸ್ ಬಾಟಲಿಯಲ್ಲಿ ಇರುವುದು 25 ಗ್ರಾಂ ಸಕ್ಕರೆ, ಐದಾರು ಚಮಚ. ಒಂದು ಲೋಟ ಪಾನಕ, ನಾಲ್ಕು ಕಡಲೆಕಾಳು ಅದಕ್ಕಿಂತ ಜಾಸ್ತಿ ಶಕ್ತಿ ಕೊಡುತ್ತವೆ. ಸೂಜಿಯ ಬಗ್ಗೆ ನನಗೆ ಜಾಸ್ತಿ ಭಯ. ಎರಡು ದಿನ ಮೈ ಹಗುರಾಗಿ ಇರುತ್ತದೆ ಅಂದರೆ ಅದರಲ್ಲಿ ನೋವಿನ ಔಷಧಿಯೋ ಸ್ಟೀರಾಯ್ಡೋ ಇರಬಹುದು. ನೋವಿನ ಔಷಧಿ ತಿಂಗಳುಗಟ್ಟಲೆ ಹೋದರೆ ಹೊಟ್ಟೆ ಹುಣ್ಣು, ಮೂತ್ರಪಿಂಡಕ್ಕೆ ಪೆಟ್ಟು. ಸ್ಟೀರಾಯ್ಡ್‌ನಿಂದ ಮುಖ ಊದುತ್ತದೆ, ಶುಗರ್ ಏರುತ್ತದೆ, ಮೂಳೆ ಟೊಳ್ಳಾಗುತ್ತದೆ. ಏನು ಕೊಟ್ಟರು ಅಂತ ಹೆಸರು ಬರೆಸಿಕೊಳ್ಳಿ. ಬಹಳ ದಿನ ಸ್ಟೀರಾಯ್ಡ್ ಹೋಗಿದ್ದರೆ ಒಮ್ಮೆಲೇ ನಿಲ್ಲಿಸಬೇಡಿ, ಆಸ್ಪತ್ರೆಯಲ್ಲಿ ಕೇಳಿ ಇಳಿಸುತ್ತಾ ಬನ್ನಿ.

ಗರ್ಭಚೀಲದ ಬಗ್ಗೆ ಒತ್ತಿ ಹೇಳುತ್ತೇನೆ. ಸೊಂಟ ನೋವಿಗೆ, ಬಿಳಿ ಹೋಗುವುದಕ್ಕೆ, 'ಮಕ್ಕಳಾದವಲ್ಲ, ಇನ್ಯಾಕೆ ಬೇಕು' ಅನ್ನುವುದಕ್ಕೆ ಗರ್ಭಚೀಲ ತೆಗೆಯಬಾರದು. ನಿಲ್ಲದ ರಕ್ತಸ್ರಾವ, ದೊಡ್ಡ ಗಡ್ಡೆ, ಕ್ಯಾನ್ಸರ್, ಗರ್ಭಚೀಲ ಜಾರಿರುವುದು, ಇಂಥ ಕಾರಣ ಬೇಕು. ತೆಗೆಸಿದರೆ ಮುಟ್ಟು ನಿಲ್ಲುವಾಗಿನ ತೊಂದರೆಗಳು ಬೇಗ ಬರಬಹುದು. ಅಂಡಾಶಯವನ್ನೂ ತೆಗೆದರೆ ಮೂಳೆ ಬೇಗ ಸವೆಯುತ್ತದೆ, ಆ ಸೊಂಟ ನೋವು ಹೆಚ್ಚಾಗಬಹುದು. ಅನಗತ್ಯವಾಗಿ ಹೀಗೆ ಮಾಡುವುದು ದೇಶದಲ್ಲಿ ಎಷ್ಟು ಬೆಳೆದಿದೆ ಅಂದರೆ 2022ರಲ್ಲಿ ಕೇಂದ್ರ ಆರೋಗ್ಯ ಇಲಾಖೆ ತಡೆಯಲು ಮಾರ್ಗಸೂಚಿ ಹೊರಡಿಸಿತು, 2023ರಲ್ಲಿ ಸುಪ್ರೀಂ ಕೋರ್ಟ್ ರಾಜ್ಯಗಳಿಗೆ ಅದನ್ನು ಜಾರಿ ಮಾಡಿ ಅಂದಿತು. ಚಿಕಿತ್ಸೆಯೇ ಹಾನಿ ಮಾಡುವುದರ ಬಗ್ಗೆ ಚಿಂತಕ ಇವಾನ್ ಇಲಿಚ್ 1975ರಲ್ಲಿ ಎಚ್ಚರಿಸಿದ್ದು ಇಂಥವನ್ನೇ. ಜಿಲ್ಲಾ ಆಸ್ಪತ್ರೆಯ ಸ್ತ್ರೀರೋಗ ತಜ್ಞರ ಇನ್ನೊಂದು ಅಭಿಪ್ರಾಯ ಇಲ್ಲದೆ ಯಾವ ಕಾಗದಕ್ಕೂ ಸಹಿ ಹಾಕಬೇಡಿ.

ಹಾಗಂತ ಬಿಳಿ ಹೋಗುವುದನ್ನು ಕಡೆಗಣಿಸಬೇಡಿ. ವಾಸನೆ, ತುರಿಕೆ, ರಕ್ತದ ಗುರುತು ಇದ್ದರೆ ತೋರಿಸಬೇಕು. ಸೋಂಕಾದರೆ ಮಾತ್ರೆಯಲ್ಲಿ ವಾಸಿಯಾಗುತ್ತದೆ. 30 ದಾಟಿದ ಹೆಂಗಸರಿಗೆ ಗರ್ಭಕೊರಳಿನ ಕ್ಯಾನ್ಸರ್ ತಪಾಸಣೆ ಸರ್ಕಾರಿ ಕೇಂದ್ರಗಳಲ್ಲಿ ಉಚಿತ, ಅದನ್ನೂ ಮಾಡಿಸಿ. ಇದೆಲ್ಲ ಸರಿ ಇದ್ದೂ ಬಿಳಿ ಹೋಗುತ್ತದೆ, ಮೈ ಇಳಿದುಹೋಗುತ್ತಿದೆ ಅಂತ ಹೇಳುತ್ತಿದ್ದರೆ ಬೇರೆ ಏನೋ ಹೇಳಲು ಪ್ರಯತ್ನಿಸುತ್ತಿದ್ದಾರೆ. ನಮ್ಮ ದಕ್ಷಿಣ ಕನ್ನಡದ ಹೆಂಗಸರ ನಡುವೆ ಕೆಲಸ ಮಾಡಿದ ಮಾರ್ಕ್ ನಿಕ್ಟರ್ ಅನ್ನುವ ಮಾನವಶಾಸ್ತ್ರಜ್ಞ 1981ರಲ್ಲಿ ಇದನ್ನೇ ಬರೆದ. ಮನೆಯಲ್ಲಿ ಬಾಯಿಬಿಟ್ಟು ಹೇಳಲಾಗದ ಸಂಕಟವನ್ನು ಹೆಂಗಸರು ಮೈಯ ಮೂಲಕ ಹೇಳುತ್ತಾರೆ ಅಂತ. ಗೋವಾದಲ್ಲಿ ನಡೆದ ಅಧ್ಯಯನದಲ್ಲೂ ಬಿಳಿ ಹೋಗುವ ದೂರಿಗೆ ಸೋಂಕಿಗಿಂತ ಮನಸ್ಸಿನ ದುಗುಡದ ನಂಟೇ ಗಟ್ಟಿಯಾಗಿ ಕಂಡಿತು.

ನಿಮ್ಮ ಪತ್ರದ ಕೊನೆಯ ಸಾಲು ನೋಡಿ. ಮಂಗಳವಾರದ ಕಂತು. ಅದನ್ನು ನೀವು ಖರ್ಚಿನ ಲೆಕ್ಕದಲ್ಲಿ ಬರೆದಿದ್ದೀರಿ. ನಾನು ಅದನ್ನು ರೋಗದ ಲಕ್ಷಣಗಳ ಜೊತೆಗೇ ಓದಿದೆ. ಸೋಮವಾರ ರಾತ್ರಿ ಅವ್ವ ನಿದ್ದೆ ಮಾಡುತ್ತಾರಾ? ನೋವು ಯಾವ ದಿನ ಜಾಸ್ತಿ? ಗಮನಿಸಿ. 'ಮನಸ್ಸಿಗೆ ಹಚ್ಚಿಕೊಂಡಿದ್ದಾರೆ' ಅಂದ ಡಾಕ್ಟರು ಅರ್ಧ ಸರಿ ಇರಬಹುದು, ಆದರೆ ಅಷ್ಟು ಹೇಳಿ ಕಳಿಸಿದ್ದು ಸರಿಯಲ್ಲ. ಮನಸ್ಸಿನ ಕಾಯಿಲೆಗೆ ಹಳ್ಳಿ ಆರೋಗ್ಯ ಕೇಂದ್ರದಲ್ಲೇ ಚಿಕಿತ್ಸೆ ಕೊಡಬಹುದು ಅಂತ ದೇಶಕ್ಕೆ ತೋರಿಸಿಕೊಟ್ಟದ್ದು ನಮ್ಮ ಬಳ್ಳಾರಿ ಜಿಲ್ಲೆ. 1980ರ ದಶಕದಲ್ಲಿ ನಿಮ್ಹಾನ್ಸ್‌ನವರು ಇಲ್ಲಿನ ಪ್ರಾಥಮಿಕ ಆರೋಗ್ಯ ಕೇಂದ್ರದ ಡಾಕ್ಟರು, ಸಿಬ್ಬಂದಿಗೆ ತರಬೇತಿ ಕೊಟ್ಟರು. 'ಬಳ್ಳಾರಿ ಮಾದರಿ' ಅಂತಲೇ ಅದು ಹೆಸರಾಯಿತು, 1996ರಲ್ಲಿ ಶುರುವಾದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮಕ್ಕೆ ಅದೇ ತಳಹದಿ. ತಾಲ್ಲೂಕು ಆಸ್ಪತ್ರೆಗೆ ಆ ಕಾರ್ಯಕ್ರಮದ ತಜ್ಞರು ಯಾವ ದಿನ ಬರುತ್ತಾರೆ ಅಂತ ವಿಚಾರಿಸಿ. ಫೋನಿನಲ್ಲಾದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿಮಾನಸ್, 14416, ಉಚಿತ, ಕನ್ನಡದಲ್ಲೇ ಮಾತಾಡುತ್ತಾರೆ.

ಇಲ್ಲೂ ಒಂದು ಅಪಾಯವಿದೆ. ಸಾಲದ ಸಂಕಟಕ್ಕೆ 'ಖಿನ್ನತೆ' ಅಂತ ಹೆಸರಿಟ್ಟು ಮಾತ್ರೆ ಕೊಟ್ಟು ಕಳಿಸಿದರೆ ಸಾಲ ಅಲ್ಲೇ ಇರುತ್ತದೆ. ಖಿನ್ನತೆ ನಿಜವಾಗಿಯೂ ಇದ್ದರೆ ಮಾತ್ರೆ ಬಹಳ ಉಪಯೋಗ, ನಿದ್ದೆ ಬರುತ್ತದೆ, ನೋವೂ ಇಳಿಯುತ್ತದೆ. ಆದರೆ ಜೊತೆಯಲ್ಲೇ ಸಾಲದ ಮಾತೂ ಆಗಬೇಕು. ವಸೂಲಿಗೆ ಬರುವವರು ಬೆದರಿಸುತ್ತಿದ್ದರೆ ಪೊಲೀಸರಿಗೆ ದೂರು ಕೊಡಿ, ಕಿರು ಸಾಲದ ಬಲವಂತದ ವಸೂಲಿ ತಡೆಯಲು 2025ರಲ್ಲಿ ರಾಜ್ಯ ಕಾನೂನನ್ನೇ ತಂದಿದೆ.

ಅಜ್ಜಿಯ ಮಾತು? ಹುಲಿಗಿಗೆ ಹೋಗಿ ಬನ್ನಿ. ಒಂದು ದಿನ ಕೆಲಸ ಬಿಟ್ಟು, ಮನೆಯವರೆಲ್ಲ ಅವ್ವನಿಗಾಗಿ ಹೊರಡುವುದೇ ಅವರಿಗೆ ಬಲ. ನಂಬಿಕೆಯನ್ನು ಹೀಯಾಳಿಸಿದರೆ ರೋಗಿ ನಮ್ಮ ಹತ್ತಿರ ಅದನ್ನು ಮುಚ್ಚಿಡುತ್ತಾರೆ, ಅಷ್ಟೇ. ಮಾತ್ರೆ ನಿಲ್ಲಿಸು ಅಂತ ಹೇಳುವವರು, ಹೊಡೆದು ಗಾಳಿ ಬಿಡಿಸುವವರು, ಸಾವಿರಾರು ರೂಪಾಯಿ ಕೇಳುವವರು ಸಿಕ್ಕರೆ ಮಾತ್ರ ಅಲ್ಲಿಂದ ಎದ್ದು ಬನ್ನಿ.

ಈಗ ಮಾಡಬೇಕಾದ್ದು. ಆಸ್ಪತ್ರೆಗೆ ಮೊದಲು ಒಂದು ಸಂಜೆ ಅವ್ವನ ಹತ್ತಿರ ಕೂತು ಕೇಳಿ. ಅಮೆರಿಕದ ಮನೋವೈದ್ಯ ಆರ್ಥರ್ ಕ್ಲೈನ್‌ಮನ್ ಮತ್ತು ಜೊತೆಯವರು 1978ರಲ್ಲಿ ಡಾಕ್ಟರುಗಳಿಗೆ ಕೇಳಲು ಹೇಳಿದ ಪ್ರಶ್ನೆಗಳಿವು, ನಾನು ನಮ್ಮ ಮಾತಿನಲ್ಲಿ ಕೇಳುತ್ತೇನೆ: 'ಅವ್ವ, ಈ ತ್ರಾಸು ಯಾಕ ಬಂತು ಅಂತ ನಿನಗ ಅನಸ್ತೈತಿ? ಯಾವಾಗ ಶುರುವಾತು, ಆವಾಗ ಮನ್ಯಾಗ ಏನ್ ನಡದಿತ್ತು? ಇದರಿಂದ ಯಾವ ಕೆಲಸ ಮಾಡಾಕ ಆಗವಲ್ದು? ನಿನಗ ಎಲ್ಲಕ್ಕಿಂತ ಹೆದರಿಕಿ ಯಾವುದರದು?' ನಡುವೆ ಮಾತಾಡಬೇಡಿ. ಉತ್ತರವನ್ನು ಒಂದು ಹಾಳೆಯಲ್ಲಿ ಬರೆದುಕೊಂಡು ಡಾಕ್ಟರಿಗೆ ಕೊಡಿ. ಎರಡು ನಿಮಿಷದ ಭೇಟಿಯಲ್ಲಿ ಆ ಹಾಳೆ ಬಹಳ ಕೆಲಸ ಮಾಡುತ್ತದೆ.

ಕುಡಿಯುವ ನೀರನ್ನು ಒಂದು ಲೀಟರಿನ ಪ್ಲಾಸ್ಟಿಕ್ ಬಾಟಲಿಯಲ್ಲಿ ಹಿಡಿಯಿರಿ, ಅದೇ ನೀರಿನಿಂದ ಮೂರು ಸಲ ತೊಳೆದು. ಗಾಜಿನ ಬಾಟಲಿ ಬೇಡ. ಗ್ರಾಮ ಪಂಚಾಯಿತಿಯಲ್ಲಿ ಕೇಳಿ, ಗ್ರಾಮೀಣ ಕುಡಿಯುವ ನೀರು ಇಲಾಖೆಯ ಲ್ಯಾಬ್‌ಗೆ ಕೊಡಿ. ನೀರು ಕುದಿಸಿದರೆ ಫ್ಲೋರೈಡ್ ಹೋಗುವುದಿಲ್ಲ, ನೀರು ಇಂಗಿ ಇನ್ನೂ ಗಟ್ಟಿಯಾಗುತ್ತದೆ. ಅಂಕಿ 1.5 ದಾಟಿದ್ದರೆ ಆ ಬೋರ್ ನೀರು ಕುಡಿಯಲು, ಅಡುಗೆಗೆ ಬೇಡ, ಸ್ನಾನಕ್ಕೆ ತೊಂದರೆಯಿಲ್ಲ. ಊರಿನ ಶುದ್ಧ ನೀರಿನ ಘಟಕ ಇದ್ದರೆ ಅದರ ನೀರನ್ನೂ ಟೆಸ್ಟ್ ಮಾಡಿಸಿ, ಒಳಗಿನ ಪೊರೆ ಬದಲಿಸದಿದ್ದರೆ ಆ ಯಂತ್ರ ಫ್ಲೋರೈಡ್ ಸರಿಯಾಗಿ ತೆಗೆಯುವುದಿಲ್ಲ. ಕೂತ ಫ್ಲೋರೈಡನ್ನು ಮೂಳೆಯಿಂದ ತೆಗೆಯುವ ಔಷಧಿ ಇಲ್ಲ. ನೀರು ಬದಲಿಸಿ, ಹಾಲು, ಮೊಸರು, ರಾಗಿ, ಸೊಪ್ಪು, ನಿಂಬೆ, ನೆಲ್ಲಿಕಾಯಿ ಜಾಸ್ತಿ ಮಾಡಿದರೆ ನೋವು ಬೆಳೆಯುವುದನ್ನು ತಡೆಯಬಹುದು, ಕೆಲವರಿಗೆ ಇಳಿಯಲೂಬಹುದು.

ರಕ್ತದಲ್ಲಿ ಬಿ12, ಥೈರಾಯ್ಡ್, ಶುಗರ್, ಹಿಮೋಗ್ಲೋಬಿನ್ ನೋಡಿಸಿ. ಕೈಕಾಲು ಉರಿಗೆ ಬಿ12 ಕೊರತೆ ಸಾಮಾನ್ಯ ಕಾರಣ, ಸುಲಭದಲ್ಲಿ ಸರಿಯಾಗುತ್ತದೆ. ಜಿಲ್ಲಾ ಆಸ್ಪತ್ರೆಯಲ್ಲೇ ಮಾಡಿಸಿ, ಖಾಸಗಿ ಲ್ಯಾಬ್‌ಗೆ ಮತ್ತೆ ಸಾಲ ಮಾಡಬೇಡಿ. ಹಳೇ ರಿಪೋರ್ಟ್ ಎಲ್ಲ ಒಯ್ಯಿರಿ, ಆದದ್ದನ್ನೇ ಮತ್ತೆ ಮಾಡಿಸುವುದು ತಪ್ಪುತ್ತದೆ. ಕಾಲು ಜೋಮು ಹಿಡಿದು ಶಕ್ತಿ ಕುಂದಿದರೆ, ಮೂತ್ರ ಕಟ್ಟಿದರೆ, ತೂಕ ಇಳಿಯುತ್ತಾ ಹೋದರೆ, ಸಾಯುವ ಮಾತು ಬಂದರೆ ಯಾವ ವಾರಕ್ಕೂ ಕಾಯದೆ ಅವತ್ತೇ ಹೋಗಿ.

ನೀರಿನ ಅಂಕಿ ಬಂದಾಗ ನನಗೆ ಬರೆಯಿರಿ. ಅವ್ವ ಕೊಟ್ಟ ಉತ್ತರಗಳನ್ನೂ ಅವರು ಹೇಳಿದ ಮಾತಲ್ಲೇ ಬರೆಯಿರಿ. ಅಂಕಿ ಜಾಸ್ತಿ ಇದ್ದರೆ ನಿಮ್ಮ ಓಣಿಯವರ ಸಹಿ ಹಾಕಿಸಿ ಪಂಚಾಯಿತಿಗೆ ಅರ್ಜಿ ಕೊಡಬೇಕಾಗುತ್ತದೆ, ಅದರ ಒಕ್ಕಣೆ ಮಾಡಲು ನಾನು ನೆರವಾಗುತ್ತೇನೆ.